ವಿಳಾಸ ಪಟ್ಟಿ ಇಲ್ಲದೆ ಯಂತ್ರ ಒಪ್ಪಿಸಿಕೊಳ್ಳಬೇಡಿ

ಹೊಸ ಪ್ಯಾಕಿಂಗ್ ಯಂತ್ರ ಒಂಟಿಯಾಗಿ ಚೆನ್ನಾಗಿ ಓಡುತ್ತದೆ, ಹಳೆಯ ಲೈನೂ ಓಡುತ್ತದೆ. ಎರಡನ್ನೂ ಒಂದೇ ಈಥರ್‌ನೆಟ್ ಸ್ವಿಚ್ಚಿಗೆ ಸೇರಿಸಿದ ಮೇಲೆ ಎಚ್‌ಎಂಐ ಪರದೆಯ ಅಂಕಿಗಳು ಬಂದು ಬಂದು ಮಾಯವಾಗುತ್ತವೆ, ಲೈನ್ ಆಗಾಗ ನಿಲ್ಲುತ್ತದೆ. ಮೆಂಟೆನೆನ್ಸ್‌ನವರು ಕೇಬಲ್ ಬದಲಿಸುತ್ತಾರೆ, ಕಾರ್ಡ್ ಬದಲಿಸುತ್ತಾರೆ. ದೋಷ ಅಲ್ಲಿಲ್ಲ. ಯಂತ್ರಗಳನ್ನು ನಿಯಂತ್ರಿಸುವ ಎರಡು ಪಿಎಲ್‌ಸಿಗಳಿಗೂ ಒಂದೇ ಐಪಿ ವಿಳಾಸವಿದೆ.

ಇದು ಪದೇ ಪದೇ ಆಗುವುದಕ್ಕೆ ಕಾರಣವಿದೆ. ಖಾಸಗಿ ಜಾಲಗಳಿಗೆಂದು 1996ರ ಮಾನದಂಡ ಮೂರು ವಿಳಾಸ ಗುಂಪುಗಳನ್ನು ಬಿಟ್ಟುಕೊಟ್ಟಿದೆ: 10ರಿಂದ ಆರಂಭವಾಗುವವು, 172.16ರಿಂದ 172.31ರವರೆಗಿನವು ಮತ್ತು 192.168ರವು. ಯಾರ ಅನುಮತಿಯೂ ಬೇಡ. ಹೀಗಾಗಿ ಯಂತ್ರ ತಯಾರಕರಲ್ಲಿ ಹಲವರು 192.168.0 ಅಥವಾ 192.168.1ರ ಸಾಲನ್ನೇ ಹಿಡಿಯುತ್ತಾರೆ. ತಯಾರಕರು ನೋಡುವುದು ತಮ್ಮ ಯಂತ್ರವೊಂದನ್ನೇ. ಇಡೀ ಕಾರ್ಖಾನೆಯನ್ನು ನೋಡಬೇಕಾದವರು ಅದರ ಮಾಲೀಕರು.

ಕಚೇರಿಯ ಕಂಪ್ಯೂಟರುಗಳಂತೆ ಡಿಎಚ್‌ಸಿಪಿ ತಾನೇ ವಿಳಾಸ ಹಂಚಲಿ ಎನ್ನುವುದು ಇಲ್ಲಿ ನಡೆಯದು. ಪಿಎಲ್‌ಸಿ ತನ್ನ ಮೋಟರ್ ಡ್ರೈವನ್ನು ಹುಡುಕುವುದು ಪ್ರೋಗ್ರಾಮಿನಲ್ಲಿ ಬರೆದಿಟ್ಟ ವಿಳಾಸದಲ್ಲಿ. ನಾಳೆ ಆ ವಿಳಾಸ ಬದಲಾದರೆ ಡ್ರೈವ್ ಅದರ ಪಾಲಿಗೆ ಇಲ್ಲವಾದಂತೆಯೇ. ಪ್ರೊಫಿನೆಟ್ ಜಾಲವಾದರೆ ಸಾಧನದ ಹೆಸರೂ ಹೊಂದಬೇಕು. ರಾತ್ರಿ ಪಾಳಿಯಲ್ಲಿ ಸುಟ್ಟ ಮಾಡ್ಯೂಲ್ ತೆಗೆದು ಹೊಸದು ಹಾಕುವವರಿಗೆ ಆ ಹೆಸರು, ಆ ಸಂಖ್ಯೆ ಗೊತ್ತಿಲ್ಲದಿದ್ದರೆ ಬೆಳಗಿನವರೆಗೂ ಲೈನ್ ನಿಂತೇ ಇರುತ್ತದೆ.

ಕ್ರಮ ಕಷ್ಟದ್ದೇನಲ್ಲ. ಪ್ರತಿ ಲೈನಿಗೂ ಒಂದು ಸಾಲು ಕೊಡಿ: ಮೊದಲನೆಯದಕ್ಕೆ 10.10.1, ಎರಡನೆಯದಕ್ಕೆ 10.10.2. ಸಬ್‌ನೆಟ್ ಮಾಸ್ಕ್ 255.255.255.0 ಇದ್ದರೆ ಒಂದೊಂದು ಸಾಲಿನಲ್ಲೂ 254 ಸಾಧನಗಳಿಗೆ ಜಾಗವಿದೆ. ಸ್ವಿಚ್ಚುಗಳಿಗೆ 1ರಿಂದ 19, ಪಿಎಲ್‌ಸಿಗಳಿಗೆ 20ರಿಂದ 49, ಎಚ್‌ಎಂಐಗಳಿಗೆ 50ರಿಂದ 99, ಡ್ರೈವ್‌ಗಳಿಗೆ 100ರಿಂದ ಮುಂದೆ ಎಂದು ಗೊತ್ತುಮಾಡಿದರೆ ಸಂಖ್ಯೆ ನೋಡಿಯೇ ಸಾಧನ ಯಾವುದೆಂದು ತಿಳಿಯುತ್ತದೆ.

ಕಾರ್ಖಾನೆಯ ಸಾಧನಗಳ ಜಾಲವನ್ನು ನೇರವಾಗಿ ಇಂಟರ್‌ನೆಟ್‌ಗೆ ತೆರೆದಿಡುವುದಂತೂ ಕೂಡದು. ಸಾಧನಗಳು ಪರಸ್ಪರ ಮಾತಾಡಲು ಬಳಸುವ, 1979ರಲ್ಲಿ ಹುಟ್ಟಿದ ಮಾಡ್‌ಬಸ್ ಇಂದಿಗೂ ಎಲ್ಲೆಡೆ ಬಳಕೆಯಲ್ಲಿದೆ. ಅದರ ಸಾಮಾನ್ಯ ರೂಪದಲ್ಲಿ ಪಾಸ್‌ವರ್ಡ್ ಎಂಬುದೇ ಇಲ್ಲ. ವಿಳಾಸ ತಲುಪಿದವರು ಆದೇಶ ಕೊಡಬಲ್ಲರು. 2023ರ ನವೆಂಬರಿನಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾದ ಅಲಿಕ್ವಿಪ್ಪದಲ್ಲಿ ನೀರು ಸರಬರಾಜು ಕೇಂದ್ರವೊಂದರ ಪಿಎಲ್‌ಸಿ ದಾಳಿಕೋರರ ಕೈಸೇರಿತು. ಸಿಬ್ಬಂದಿ ಪಂಪುಗಳನ್ನು ಕೈಯಾರೆ ನಡೆಸಬೇಕಾಯಿತು. ಇಂಟರ್‌ನೆಟ್‌ಗೆ ತೆರೆದಿಡುವುದು ಮತ್ತು ತಯಾರಕರು ಕೊಟ್ಟ ಪಾಸ್‌ವರ್ಡ್ ಬದಲಿಸದೆ ಬಿಡುವುದೇ ಇಂಥ ದಾಳಿಗೆ ದಾರಿ ಎಂದು ಅಲ್ಲಿನ ಸರ್ಕಾರಿ ಭದ್ರತಾ ಸಂಸ್ಥೆ ಎಚ್ಚರಿಸಿತು.

ಪೀಣ್ಯದ ಸಣ್ಣ ಘಟಕವಿರಲಿ, ದೊಡ್ಡ ಸಕ್ಕರೆ ಕಾರ್ಖಾನೆಯಿರಲಿ, ಮಾಲೀಕರಲ್ಲಿ ನಮ್ಮ ಕೋರಿಕೆ ಇಷ್ಟು. ಖರೀದಿ ಆದೇಶದಲ್ಲೇ ನಿಮ್ಮ ವಿಳಾಸ ಸಾಲನ್ನು ನಮೂದಿಸಿ. ಸಾಧನದ ಹೆಸರು, ಪ್ಯಾನಲ್, ಐಪಿ ವಿಳಾಸ, ಮಾಸ್ಕ್, ಸ್ವಿಚ್ ಪೋರ್ಟ್ ಇರುವ ಪಟ್ಟಿಯನ್ನು ಕೇಳಿ ಪಡೆಯಿರಿ; ಒಂದು ಪ್ರತಿ ಪ್ಯಾನಲ್ ಬಾಗಿಲ ಒಳಗಿರಲಿ, ಒಂದು ನಿಮ್ಮ ಕಡತದಲ್ಲಿರಲಿ. ಆ ಪಟ್ಟಿ ಕೈಗೆ ಬರುವವರೆಗೆ ಕಮಿಷನಿಂಗ್ ಪತ್ರಕ್ಕೆ ಸಹಿ ಹಾಕಬೇಡಿ, ಕೊನೆಯ ಕಂತನ್ನೂ ಕೊಡಬೇಡಿ.