ಬಡ್ಡಿ ಅಗ್ಗ, ಕಾಲ ದುಬಾರಿ

"ಬಾಡಿಗೆ ಅಂದ್ರೆ ನೀರಿಗೆ ಹಾಕಿದ ದುಡ್ಡು, ಕಂತು ಅಂದ್ರೆ ನಮ್ಮ ಮನೆಗೇ ಹಾಕಿದ ದುಡ್ಡು." ಚಳ್ಳಕೆರೆಯಲ್ಲಿ ಈಗ ಯಾವ ಗೃಹಪ್ರವೇಶಕ್ಕೆ ಹೋದರೂ ಊಟದ ಪಂಕ್ತಿಯಲ್ಲಿ ಯಾರಾದರೊಬ್ಬರು ಈ ಮಾತು ಆಡಿಯೇ ಆಡುತ್ತಾರೆ. ಪಕ್ಕದವರು ಹೌದೆಂದು ತಲೆದೂಗುತ್ತಾರೆ. ಕುದಾಪುರ, ಉಳ್ಳಾರ್ತಿ ಕಾವಲುಗಳಿಗೆ ವಿಜ್ಞಾನ ಸಂಸ್ಥೆಗಳು ಬಂದಮೇಲೆ, ಊರಿನ ಸುತ್ತ ಲೇಔಟ್‌ಗಳು ಎದ್ದಮೇಲೆ ಈ ಮಾತಿಗೆ ಇನ್ನಷ್ಟು ಬಲ ಬಂದಿದೆ. ಮನೆ ಸಾಲ ಮಾಡಲೇಬಾರದು ಎಂದು ವಾದಿಸಲು ನಾನು ಹೊರಟಿಲ್ಲ. ಆದರೆ ಇಪ್ಪತ್ತು ವರ್ಷದ ದುಡಿಮೆಯನ್ನು ಒತ್ತೆ ಇಡುವ ತೀರ್ಮಾನವನ್ನು ಇಷ್ಟು ಹಗುರವಾದ ಮಾತಿನ ಮೇಲೆ ನಿಲ್ಲಿಸುವುದು ತಪ್ಪು. ಮನೆ ಸಾಲದ ನಿಜವಾದ ಬೆಲೆ ಅಡಗಿರುವುದು ಅದರ ಅವಧಿಯಲ್ಲಿ. ನಾವು ಕೇಳುವುದು ಮಾತ್ರ ಎರಡೇ ಪ್ರಶ್ನೆ: ಬಡ್ಡಿ ಎಷ್ಟು, ಕಂತು ಎಷ್ಟು.

ಒಂದು ಲೆಕ್ಕ ಹಿಡಿಯೋಣ. 20 ಲಕ್ಷ ರೂಪಾಯಿ ಸಾಲ, ಶೇ 8.5 ಬಡ್ಡಿ, 20 ವರ್ಷ. ತಿಂಗಳಿಗೆ 17,356 ರೂಪಾಯಿ ಕಂತು. ಮೊದಲ ತಿಂಗಳ ಕಂತಿನಲ್ಲಿ 14,167 ರೂಪಾಯಿ ಬಡ್ಡಿಗೇ ಹೋಗುತ್ತದೆ, ಅಸಲಿಗೆ ಸೇರುವುದು 3,189. "ನಮ್ಮ ಮನೆಗೇ ಹಾಕಿದ" ದುಡ್ಡಿನಲ್ಲಿ ನೂರಕ್ಕೆ ಎಂಬತ್ತು ಪಾಲಿಗೂ ಹೆಚ್ಚು ಬಾಡಿಗೆಯೇ. ಮನೆ ಮಾಲೀಕನಿಗೆ ಹೋಗುತ್ತಿದ್ದದ್ದು ಈಗ ಹಣದ ಮಾಲೀಕನಿಗೆ ಹೋಗುತ್ತದೆ. ಐದು ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದವರು ಒಟ್ಟು 10 ಲಕ್ಷ 41 ಸಾವಿರ ಕಟ್ಟಿರುತ್ತಾರೆ, ಅವರ ಸಾಲ ಇಳಿದಿರುವುದು 2 ಲಕ್ಷ 37 ಸಾವಿರ. ಅಸಲು ಅರ್ಧಕ್ಕೆ ಬರಲು 13 ವರ್ಷ 10 ತಿಂಗಳು ಬೇಕು. ಎಲ್ಲ ಮುಗಿದಾಗ ಕೈಬಿಟ್ಟ ಹಣ 41 ಲಕ್ಷ 65 ಸಾವಿರ.

ಇದರಲ್ಲಿ ಮೋಸ ಏನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ, ಮಿಕ್ಕದ್ದು ಅಸಲಿಗೆ. ಐದನೇ ತರಗತಿಯ ಲೆಕ್ಕ. ನನಗೆ ಪರಿಚಯದ ಶಾಲಾ ಶಿಕ್ಷಕರೊಬ್ಬರು ಬ್ಯಾಂಕಿನ ಸ್ಟೇಟ್‌ಮೆಂಟ್ ತಂದು ಮೇಜಿನ ಮೇಲೆ ಹರಡಿದ್ದರು. ಪ್ರತಿ ತಿಂಗಳಿಗೂ ಎರಡು ಸಾಲು: ಒಂದರಲ್ಲಿ ಬಡ್ಡಿ ಖರ್ಚಿಗೆ ಬಿದ್ದದ್ದು, ಇನ್ನೊಂದರಲ್ಲಿ ಕಂತು ಜಮೆಯಾದದ್ದು. ಬಲಗಡೆಯ ಬಾಕಿ ಅಂಕಣದಲ್ಲಿ ಅವರ ಬೆರಳು ಮೇಲಿನಿಂದ ಕೆಳಕ್ಕೆ ಇಳಿಯುತ್ತಿತ್ತು. ಮೊದಲ ಎರಡು ಅಂಕಿಗಳು ಪುಟ ತಿರುಗಿಸಿದರೂ ಹಾಗೇ ನಿಂತಿದ್ದವು, ಬದಲಾಗುತ್ತಿದ್ದದ್ದು ಬಾಲದ ಅಂಕಿಗಳಷ್ಟೇ. "ಇಷ್ಟು ಕಟ್ಟಿದ್ರೂ ಇದು ಕರಗ್ತಾನೇ ಇಲ್ವಲ್ಲ" ಎಂದರು. ಮಕ್ಕಳಿಗೆ ಚಕ್ರಬಡ್ಡಿ ಕಲಿಸಿದ ಮೇಷ್ಟ್ರು ಅವರು. ಸಾಲ ಪಡೆಯುವ ದಿನ ಈ ಪಟ್ಟಿಯನ್ನು ಅವರಿಗೆ ಯಾರೂ ತೋರಿಸಿರಲಿಲ್ಲ.

ನಮ್ಮ ಸೀಮೆಯವರಿಗೆ ಬಡ್ಡಿ ಗೊತ್ತಿಲ್ಲ ಎನ್ನುವಂತಿಲ್ಲ. ಮಳೆ ನಂಬಿ ಶೇಂಗಾ ಬಿತ್ತುವ ಊರುಗಳಲ್ಲಿ ಸಾಲ ಮಾಡದವರು ಯಾರು? ಎರಡು ರೂಪಾಯಿ ಬಡ್ಡಿ, ಮೂರು ರೂಪಾಯಿ ಬಡ್ಡಿ ಎಂದರೆ ನೂರಕ್ಕೆ ತಿಂಗಳಿಗೆ ಇಷ್ಟು ಎಂದು ಅಕ್ಷರ ಬಾರದ ಅಜ್ಜಿಗೂ ಗೊತ್ತು. ಆ ಅಳತೆಗೋಲಿನಲ್ಲಿ ಮನೆ ಸಾಲವನ್ನು ಅಳೆದರೆ ಶೇ 8.5 ಎಂದರೆ ಎಪ್ಪತ್ತೊಂದು ಪೈಸೆ ಬಡ್ಡಿ. ಇದಕ್ಕಿಂತ ಅಗ್ಗದ ಸಾಲ ಹುಟ್ಟುವುದಿಲ್ಲ ಅನ್ನಿಸುವುದು ಸಹಜ, ದರದ ಮಟ್ಟಿಗೆ ಅದು ನಿಜವೂ ಹೌದು. ಆದರೆ ಮೂರು ರೂಪಾಯಿ ಬಡ್ಡಿಯ ಸಾಲವನ್ನು ನಾವು ಸುಗ್ಗಿಗೆ ತೀರಿಸುವ ಹಟದಿಂದ ತರುತ್ತೇವೆ. ಮೈ ಉರಿಯುತ್ತಿರುತ್ತದೆ, ತೀರಿಸುವ ತನಕ ನಿದ್ದೆ ಬಾರದು. ಎಪ್ಪತ್ತೊಂದು ಪೈಸೆಯ ಸಾಲ ಉರಿಯುವುದಿಲ್ಲ. ಅದು 240 ತಿಂಗಳು ಸದ್ದಿಲ್ಲದೆ ನಡೆಯುತ್ತದೆ.

ಅವಧಿ ಏನು ಮಾಡುತ್ತದೆ ನೋಡಿ. ಅದೇ 20 ಲಕ್ಷವನ್ನು 15 ವರ್ಷಕ್ಕೆ ತೆಗೆದರೆ ಕಂತು 19,695, ಒಟ್ಟು ಬಡ್ಡಿ 15 ಲಕ್ಷ 45 ಸಾವಿರ. 20 ವರ್ಷಕ್ಕೆ ಬಡ್ಡಿ 21 ಲಕ್ಷ 65 ಸಾವಿರ. 30 ವರ್ಷಕ್ಕೆ ಎಳೆದರೆ ಕಂತು 15,378ಕ್ಕೆ ಇಳಿಯುತ್ತದೆ, ಬಡ್ಡಿ 35 ಲಕ್ಷ 36 ಸಾವಿರಕ್ಕೆ ಏರುತ್ತದೆ. ಇಪ್ಪತ್ತರಿಂದ ಮೂವತ್ತಕ್ಕೆ ಹೋದವರಿಗೆ ತಿಂಗಳಿಗೆ ಸಿಕ್ಕಿದ ಹಗುರ ಎರಡು ಸಾವಿರವೂ ಇಲ್ಲ, ತೆತ್ತ ಬೆಲೆ 13 ಲಕ್ಷ 70 ಸಾವಿರ. "ಕಂತು ಜಾಸ್ತಿ ಆಯ್ತಾ? ಇನ್ನೂ ಐದು ವರ್ಷ ಸೇರಿಸೋಣ ಬಿಡಿ" ಎಂದು ಕೌಂಟರಿನ ಆಚೆಯಿಂದ ಬರುವ ಮಾತು ಉಪಕಾರದಂತೆ ಕೇಳಿಸುತ್ತದೆ. ಅದರಷ್ಟು ದುಬಾರಿ ಉಪಕಾರ ಇನ್ನೊಂದಿಲ್ಲ.

ಈ ವಿಚಾರ ಬಂದಾಗಲೆಲ್ಲ ನನಗೆ ಭೋಗ್ಯದ ನೆನಪಾಗುತ್ತದೆ. ಹೊಲವನ್ನು ಭೋಗ್ಯಕ್ಕೆ ಹಾಕಿದವರು ಬಡ್ಡಿ ಕಟ್ಟುವುದಿಲ್ಲ. ಸಾಲ ಕೊಟ್ಟವನು ಹೊಲ ಉತ್ತು ಬೆಳೆ ಒಯ್ಯುತ್ತಾನೆ, ಅಸಲು ಹಿಂತಿರುಗಿಸಿದ ದಿನ ಹೊಲ ಬಿಟ್ಟುಕೊಡುತ್ತಾನೆ. 1882ರ ಸ್ವತ್ತು ವರ್ಗಾವಣೆ ಕಾಯ್ದೆಯಲ್ಲಿ ಇದಕ್ಕೂ ಒಂದು ಕಲಂ ಇದೆ. ಭೋಗ್ಯದಿಂದ ಹಾಳಾದ ಮನೆಗಳು ಎಷ್ಟೋ. ಹಾಕಿದವರು ತೀರಿ ಮೊಮ್ಮಕ್ಕಳ ಕಾಲಕ್ಕೂ ಹೊಲ ಬಿಡಿಸಿಕೊಳ್ಳಲಾಗದವರು ಎಷ್ಟೋ. ಆ ಪದ್ಧತಿಯನ್ನು ಹೊಗಳಲು ನನಗೆ ಮನಸ್ಸಿಲ್ಲ. ಆದರೆ ಅದರಲ್ಲಿ ಒಂದು ಗುಣವಿತ್ತು: ಸಾಲದ ಬೆಲೆ ಕಣ್ಣಿಗೆ ಕಾಣುತ್ತಿತ್ತು. ಕಾರ್ತಿಕದಲ್ಲಿ ತನ್ನ ಹೊಲದ ಶೇಂಗಾ ಬೇರೆಯವರ ಕಣಕ್ಕೆ ಹೋಗುವುದನ್ನು ಮನೆ ಮಂದಿಯೆಲ್ಲ ಬದುವಿನ ಮೇಲೆ ನಿಂತು ನೋಡಬೇಕಾಗಿತ್ತು. ಆ ವರ್ಷ ಎಷ್ಟು ಚೀಲ ಹೋಯಿತು ಎಂದು ಮಕ್ಕಳಿಗೂ ಗೊತ್ತಿರುತ್ತಿತ್ತು. ಹೋದದ್ದು ಕಂಡಿದ್ದರಿಂದಲೇ ಬಿಡಿಸಿಕೊಳ್ಳುವ ಛಲ ಹುಟ್ಟುತ್ತಿತ್ತು. ಈಗ ಐದನೇ ತಾರೀಖು ಫೋನಿಗೆ ಒಂದು ಸಂದೇಶ ಬರುತ್ತದೆ, ಖಾತೆಯಿಂದ ಹಣ ತಾನಾಗಿ ಕಡಿತವಾಗಿರುತ್ತದೆ. ಅದರಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು ಎಂದು ಮನೆಯವರಲ್ಲಿ ಒಬ್ಬರಿಗೂ ತಿಳಿಯದು. ಹೆಂಡತಿಗೆ, ಬೆಳೆದ ಮಗಳಿಗೆ ಒಟ್ಟು ಸಾಲವೇ ಗೊತ್ತಿಲ್ಲದ ಮನೆಗಳು ಬೇಕಾದಷ್ಟಿವೆ.

ಇನ್ನು ದರವೂ ನಿಂತಲ್ಲಿ ನಿಲ್ಲುವುದಿಲ್ಲ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಚರ ಬಡ್ಡಿಯ ಮನೆ ಸಾಲಗಳು ಹೊರಗಿನ ಮಾನದಂಡಕ್ಕೆ, ಹೆಚ್ಚಿನಂಶ ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ ಕಟ್ಟುಬಿದ್ದಿವೆ. ಕೊರೊನಾ ಕಾಲದಲ್ಲಿ ಶೇ 4 ಇದ್ದ ರೆಪೊ 2022ರ ಮೇ ತಿಂಗಳಿಂದ ಏರತೊಡಗಿ 2023ರ ಫೆಬ್ರುವರಿಗೆ ಶೇ 6.5 ಮುಟ್ಟಿತು. 2022ರ ಆರಂಭದಲ್ಲಿ ಶೇ 6.7ಕ್ಕೆ 20 ಲಕ್ಷವನ್ನು 20 ವರ್ಷಕ್ಕೆ ತೆಗೆದವರ ಕಂತು 15,148. ವರ್ಷ ಕಳೆದು ದರ ಶೇ 9.2 ಆದಾಗ ಉಳಿದ ಅಸಲಿನ ಮೇಲೆ ತಿಂಗಳ ಬಡ್ಡಿಯೇ ಸುಮಾರು 14,950. ಕಂತು ಬದಲಿಸದೆ ಹಾಗೇ ಬಿಟ್ಟರೆ ಅಸಲಿಗೆ ಹೋಗುವುದು ಇನ್ನೂರು ರೂಪಾಯಿಗೂ ಕಡಿಮೆ, ಸಾಲ ತೀರಲು ನಲವತ್ತೇಳು ವರ್ಷ ಬೇಕು. ಅರವತ್ತಕ್ಕೆ ನಿವೃತ್ತಿಯಾಗುವ ನೌಕರನಿಗೆ ಈ ಲೆಕ್ಕದಲ್ಲಿ ಏನರ್ಥವಿದೆ? ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಹಿಗ್ಗಿಸಬೇಕೋ ಎಂಬ ಆಯ್ಕೆಯನ್ನು ಸಾಲಗಾರರಿಗೇ ಕೊಡಬೇಕು ಎಂದು ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಆದೇಶಿಸಿತು. ಆಯ್ಕೆ ಇದೆ ಎಂದು ತಿಳಿದವರಿಗಷ್ಟೇ ಅದು ಆಯ್ಕೆ.

ನನ್ನ ವಾದಕ್ಕೆ ಎದುರಾಗಿ ಗಟ್ಟಿ ಮಾತುಗಳಿವೆ. ಒಂದು, ಬೆಲೆಯೇರಿಕೆ. ವರ್ಷಕ್ಕೆ ಶೇ 5ರಂತೆ ಬೆಲೆ ಏರಿದರೆ ಇಪ್ಪತ್ತನೇ ವರ್ಷದ 17,356 ರೂಪಾಯಿ ಇಂದಿನ ಆರೂವರೆ ಸಾವಿರಕ್ಕೆ ಸಮ, ಕಂತಿನ ಭಾರ ತಾನಾಗಿ ಇಳಿಯುತ್ತದೆ. ಡಿಎ, ಬಡ್ತಿ, ವೇತನ ಆಯೋಗ ಇರುವವರ ಮಟ್ಟಿಗೆ ಇದನ್ನು ಒಪ್ಪುತ್ತೇನೆ. ಎರಡು, ಬಾಡಿಗೆಯೂ ಸುಮ್ಮನಿರುವುದಿಲ್ಲ. ಇಂದು 6,000 ಇರುವ ಬಾಡಿಗೆ ವರ್ಷಕ್ಕೆ ಶೇ 5 ಏರುತ್ತ ಹೋದರೆ ಇಪ್ಪತ್ತು ವರ್ಷದಲ್ಲಿ 23 ಲಕ್ಷ 80 ಸಾವಿರ ಹೋಗಿರುತ್ತದೆ, ಸಾಲದ ಬಡ್ಡಿಗಿಂತ ಸ್ವಲ್ಪ ಹೆಚ್ಚೇ. ಇದೂ ನ್ಯಾಯವಾದ ಲೆಕ್ಕ. ಮೂರನೆಯದರ ಮುಂದೆ ನಾನು ತಲೆಬಾಗುತ್ತೇನೆ. ಬಾಡಿಗೆ ಮನೆ ಕೇಳಲು ಹೋದಾಗ "ನೀವು ಯಾವ ಜನ?" ಎಂಬ ಪ್ರಶ್ನೆಗೆ ಉತ್ತರಿಸಿ, ಬಾಗಿಲಲ್ಲೇ ತಿರುಗಿ ಬಂದವರಿಗೆ ಸ್ವಂತ ಮನೆ ಎಂದರೆ ಹಣದ ವಿಷಯವೇ ಅಲ್ಲ. ದಲಿತ ನೌಕರರಿಗೆ, ಮುಸ್ಲಿಂ ಕುಟುಂಬಕ್ಕೆ, ಒಂಟಿ ಹೆಣ್ಣುಮಗಳಿಗೆ ನಾಲ್ಕು ಗೋಡೆ ಕೊಡುವ ಮಾನವನ್ನು ಯಾವ ಕಂತಿನ ಪಟ್ಟಿಯೂ ಅಳೆಯಲಾರದು. ಅವರು ಹೆಚ್ಚು ತೆತ್ತರೂ ಸರಿಯೇ. ಆದರೆ ಎಷ್ಟು ತೆರುತ್ತಿದ್ದೇವೆ ಎಂದು ತಿಳಿದು ತೆರುವ ಹಕ್ಕು ಅವರಿಗಿದೆ, ಎಲ್ಲರಿಗಿಂತ ಹೆಚ್ಚಾಗಿ ಇದೆ. ತೆರಿಗೆ ಉಳಿಯುತ್ತದೆ ಎಂಬ ಮಾತಿಗೆ ಒಂದು ವಾಕ್ಯ ಸಾಕು: ಹೊಸ ತೆರಿಗೆ ಪದ್ಧತಿಯಲ್ಲಿ ತಾವೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವಿನಾಯಿತಿಯೇ ಇಲ್ಲ.

ಚಳ್ಳಕೆರೆಯ ನೌಕರನಿಗೆ ಹೊಂದುವ ಲೆಕ್ಕ ಮೊಳಕಾಲ್ಮುರಿನ ನೇಕಾರನಿಗೆ ಹೊಂದುವುದಿಲ್ಲ. ಬ್ಯಾಂಕ್ ಕೇಳುವುದು ಇ-ಸ್ವತ್ತಿನ ಖಾತೆ, ಸಂಬಳದ ಚೀಟಿ. ಅಜ್ಜನ ಹೆಸರಿನಲ್ಲೇ ಉಳಿದು ಪೌತಿ ಖಾತೆ ಆಗದ ಮನೆ, ಸೀರೆಯ ಲೆಕ್ಕದಲ್ಲಿ ಸಿಗುವ ಕೂಲಿ. ಇವೆರಡೂ ಬ್ಯಾಂಕಿನ ಕಣ್ಣಿಗೆ ಕಾಣುವುದಿಲ್ಲ. ಹಾಗಾಗಿ ಅವರು ಖಾಸಗಿ ಫೈನಾನ್ಸ್ ಕಡೆ ಹೋಗುತ್ತಾರೆ. ಅಲ್ಲಿ ಶೇ 13 ಎಂದಿಟ್ಟುಕೊಂಡರೆ 10 ಲಕ್ಷಕ್ಕೆ 15 ವರ್ಷದ ಕಂತು 12,652. ಶೇ 8.5ಕ್ಕೆ ಸಿಕ್ಕಿದ್ದರೆ 9,847 ಆಗುತ್ತಿತ್ತು. ಹದಿನೈದು ವರ್ಷದಲ್ಲಿ 5 ಲಕ್ಷ ರೂಪಾಯಿ ವ್ಯತ್ಯಾಸ. ಪಂಚಾಯಿತಿ ಕಚೇರಿಗೆ ನಾಲ್ಕು ತಿಂಗಳು ಅಲೆದು ಖಾತೆ ಸರಿ ಮಾಡಿಸಿಕೊಳ್ಳುವುದು ಅಲೆದಾಟದ ದಂಡವೆಂದು ನಮಗೆ ಅನ್ನಿಸುತ್ತದೆ, ಅದರ ಬೆಲೆ ಐದು ಲಕ್ಷ ಎಂದು ಯಾರಾದರೂ ಹೇಳಿದ್ದರೆ ಅಲೆಯುತ್ತಿದ್ದೆವು.

ಅಷ್ಟೇ ಅಲ್ಲ, ನೇಕಾರರಿಗೆ ಮನೆಯೆಂದರೆ ದುಡಿಮೆಯ ಜಾಗವೂ ಹೌದು. ಮೊಳಕಾಲ್ಮುರು, ಕೊಂಡ್ಲಹಳ್ಳಿಗಳ ನೇಕಾರರ ಮಾಳಿಗೆ ಮನೆಗೆ ಕಾಲಿಟ್ಟರೆ ಮಗ್ಗವೇ ಮನೆಯನ್ನು ಆಳುತ್ತಿರುತ್ತದೆ. ನೆಲದಲ್ಲಿ ಕಾಲಿಳಿಬಿಡುವ ಗುಂಡಿ, ತಲೆಯ ಮೇಲೆ ತೊಲೆಗೆ ತಾಗುವಂತೆ ಜಕಾರ್ಡ್ ಪೆಟ್ಟಿಗೆ, ಗೋಡೆಯಿಂದ ಗೋಡೆಗೆ ಚಾಚಿದ ರೇಷ್ಮೆಯ ಹಾಸು, ಒಂದು ಮೂಲೆಗೆ ಸರಿದ ಅಡುಗೆ ಒಲೆ. ಈ ಮನೆಯನ್ನು ಕೆಡವಿ ಆರ್‌ಸಿಸಿ ಹಾಕಿಸಿ ಟೈಲ್ಸ್ ಕೂರಿಸಿದರೆ ಮಗ್ಗ ಎಲ್ಲಿ ಕೂರಬೇಕು ಎಂಬುದೇ ಮೊದಲ ಪ್ರಶ್ನೆ. ಕುಶಲಕರ್ಮಿಯ ಉಪಕರಣಗಳನ್ನು ಜಪ್ತಿ ಮಾಡುವಂತಿಲ್ಲ ಎನ್ನುತ್ತದೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ. ಆದರೆ ಮಗ್ಗ ನಿಂತ ನೆಲವನ್ನೇ ಅಡಮಾನ ಇಟ್ಟಮೇಲೆ ಆ ರಕ್ಷಣೆ ಎಲ್ಲಿ ಉಳಿಯಿತು? ಅಡಮಾನದ ಆಸ್ತಿಯನ್ನು ವಶಪಡಿಸಿಕೊಳ್ಳಲು ಬ್ಯಾಂಕಿಗೆ ಅಧಿಕಾರ ಕೊಡುವ 2002ರ ಸರ್ಫೇಸಿ ಕಾಯ್ದೆ ಕೃಷಿ ಭೂಮಿಯನ್ನು ಮುಟ್ಟುವುದಿಲ್ಲ, ಮನೆಯನ್ನು ಮುಟ್ಟುತ್ತದೆ. ಮೂರು ತಿಂಗಳು ಕಂತು ನಿಂತರೆ ಸಾಲ ವಸೂಲಾಗದ ಪಟ್ಟಿಗೆ ಸೇರುತ್ತದೆ, ಆಮೇಲೆ ಅರವತ್ತು ದಿನದ ನೋಟಿಸು. ಸೀರೆ ಬಿಕರಿಯಾಗದೆ ಸಾಹುಕಾರ ಹಾಸು ಕೊಡದೆ ಮೂರು ತಿಂಗಳು ಮಗ್ಗ ನಿಲ್ಲುವುದು ಅಲ್ಲಿ ಅಪರೂಪವೇನಲ್ಲ. ಬೆಳೆ ಸಾಲಕ್ಕೆ ಸುಗ್ಗಿ ಯಾವಾಗ ಎಂದು ಗೊತ್ತು. ಮನೆ ಸಾಲಕ್ಕೆ ತಿಂಗಳ ತಾರೀಖು ಮಾತ್ರ ಗೊತ್ತು. ಮಗ್ಗದ ಮನೆಗೆ, ಒಣಬೇಸಾಯದ ಮನೆಗೆ ಅವರ ಗಳಿಕೆಯ ಕಾಲಕ್ಕೆ ಹೊಂದುವ ಕಂತು ಕೊಡಲು ಬ್ಯಾಂಕುಗಳಿಗೆ ಏನು ಅಡ್ಡಿ? ವರ್ಷಕ್ಕೊಂದೇ ಫಸಲು ಬರುವವರಿಂದ ಹನ್ನೆರಡು ಕಂತು ಕೇಳುವುದು ಅವರನ್ನು ಮೂರು ರೂಪಾಯಿ ಬಡ್ಡಿಯವನ ಬಾಗಿಲಿಗೆ ತಾವೇ ಕಳಿಸಿಕೊಟ್ಟಂತೆ. ಬ್ಯಾಂಕಿನ ಕಂತು ಕಟ್ಟಲು ಕೈಸಾಲ ತಂದವರ ಮನೆ ಸಾಲದ ಬೆಲೆ ಯಾವ ಸ್ಟೇಟ್‌ಮೆಂಟಿನಲ್ಲೂ ಇರುವುದಿಲ್ಲ.

ಸಾಲ ಮಾಡಿಯಾಗಿದೆ, ಈಗೇನು ಎನ್ನುವವರಿಗೂ ದಾರಿಯಿದೆ. ಚರ ಬಡ್ಡಿಯ ಮನೆ ಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳಿಂದ ಬ್ಯಾಂಕುಗಳು ದಂಡ ವಸೂಲಿ ಮಾಡುವುದನ್ನು ರಿಸರ್ವ್ ಬ್ಯಾಂಕ್ 2012ರಲ್ಲೇ ನಿಲ್ಲಿಸಿದೆ. ಮೇಲೆ ಹೇಳಿದ 20 ಲಕ್ಷದ ಸಾಲಕ್ಕೆ ಮೊದಲ ವರ್ಷದ ಕೊನೆಗೆ, ಶೇಂಗಾ ಕೈಹಿಡಿದ ವರ್ಷವೋ ಬಾಕಿ ಸಂಬಳ ಬಂದ ವರ್ಷವೋ, ಒಂದು ಲಕ್ಷ ಹೆಚ್ಚಿಗೆ ಕಟ್ಟಿದರೆ ಕೊನೆಯ 26 ಕಂತುಗಳು ಬಿದ್ದುಹೋಗುತ್ತವೆ; ನಾಲ್ಕೂವರೆ ಲಕ್ಷ ರೂಪಾಯಿ. ಅದೇ ಲಕ್ಷವನ್ನು ಹದಿನೈದನೇ ವರ್ಷದಲ್ಲಿ ಕಟ್ಟಿದರೆ ಈ ಫಲ ಇಲ್ಲ. ಕಟ್ಟುವಾಗ "ಕಂತು ಇಳಿಸಬೇಡಿ, ಅವಧಿ ಇಳಿಸಿ" ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಬೇಕು. 2025ರಲ್ಲಿ ರೆಪೊ ಇಳಿದಾಗ ಕಂತು ಕಡಿಮೆಯಾಯಿತೆಂದು ಹಿಗ್ಗಿದವರೂ ಹಳೆಯ ಕಂತನ್ನೇ ಮುಂದುವರಿಸಿ ಎಂದು ಕೇಳಬಹುದಿತ್ತು, ಈಗಲೂ ಕೇಳಬಹುದು.

ಸಾಲ ಮಾಡಲಿರುವವರು ಒಂದು ಹಾಳೆ ಕೇಳಿ ಪಡೆಯಲಿ. 2024ರ ಅಕ್ಟೋಬರ್ 1ರಿಂದ ಪ್ರತಿ ಚಿಲ್ಲರೆ ಸಾಲಕ್ಕೂ ಮುಖ್ಯ ಸಂಗತಿಗಳ ವಿವರಪಟ್ಟಿ ಕೊಡುವುದು ಕಡ್ಡಾಯ. ಬಡ್ಡಿಯ ಜೊತೆಗೆ ಸಂಸ್ಕರಣಾ ಶುಲ್ಕ, ಸಾಲಕ್ಕೆ ಅಂಟಿಸಿದ ವಿಮೆಯ ಕಂತು ಎಲ್ಲ ಸೇರಿ ವರ್ಷಕ್ಕೆ ನಿಜವಾಗಿ ಶೇ ಎಷ್ಟು ಬೀಳುತ್ತದೆ, ಒಟ್ಟು ಎಷ್ಟು ಕಟ್ಟುತ್ತೀರಿ, ಯಾವ ಕಂತಿನಲ್ಲಿ ಅಸಲೆಷ್ಟು ಎಂಬುದೆಲ್ಲ ಅದರಲ್ಲಿರಬೇಕು. ಅದು ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂದೂ ಆದೇಶದಲ್ಲಿದೆ. ಚಳ್ಳಕೆರೆ, ಮೊಳಕಾಲ್ಮುರಿನಲ್ಲಿ ಆ ಭಾಷೆ ಕನ್ನಡ. ಇಂಗ್ಲಿಷಿನ ಹಾಳೆಗೆ ಸಹಿ ಹಾಕದೆ, ಕನ್ನಡದ್ದು ಬರಲಿ ಎಂದು ಕೂರಬೇಕು. ಬಂದದ್ದನ್ನು ಮನೆಗೆ ಒಯ್ದು, ಕಂತು ಕಟ್ಟಲು ಹೆಗಲು ಕೊಡುವ ಎಲ್ಲರ ಮುಂದೆ ಗಟ್ಟಿಯಾಗಿ ಓದಿಸಿ, ಮಾರನೆಯ ದಿನ ಸಹಿ ಹಾಕಲು ಹೋದರೆ ಯಾವ ಬ್ಯಾಂಕೂ ಮುಚ್ಚಿಹೋಗಿರುವುದಿಲ್ಲ.