2.35 ಲಕ್ಷದ ಪೋಲೋಗೆ ನಿಜವಾಗ್ಲೂ ಎಷ್ಟಾಯ್ತು?

(1/6)
ಫೋಟೋದಲ್ಲಿರೋದು ನಮ್ಮನೆ ಪೋಲೋ. 2013ರ ಮಾಡೆಲ್, 1.2 ಪೆಟ್ರೋಲ್, ಹೈಲೈನ್. ಹಿಂದಿನ ಎಡಗಡೆ ಡೋರ್ ಮೇಲಿರೋ ಗೀರು ನಂದಲ್ಲ, ಬರೋವಾಗ್ಲೇ ಇತ್ತು.

ಹೋದ ತಿಂಗಳು ಇದರ ಫೋಟೋ ಹಾಕಿದ ಮೇಲೆ ಡಿಎಂನಲ್ಲಿ ಒಂದೇ ಪ್ರಶ್ನೆ. "ಬ್ರೋ, ಎರಡೂವರೆ ಲಕ್ಷಕ್ಕೆ ಪೋಲೋ ಸಿಗ್ತಿದೆ, ತಗೋಬಹುದಾ?" ಒಬ್ಬೊಬ್ಬರಿಗೂ ಟೈಪ್ ಮಾಡಿ ಸಾಕಾಯ್ತು, ಅದಕ್ಕೆ ಇಲ್ಲೇ ಬರೀತಿದೀನಿ. ನನ್ನ ಉತ್ತರ: ನಿಮ್ಮ ಹತ್ರ ಇರೋದೇ ಎರಡೂವರೆ ಲಕ್ಷ ಆದ್ರೆ ಬೇಡ. ಮೂರೂವರೆ ಇದ್ದು, ಎರಡೂವರೆದು ತಗೋತೀನಿ ಅಂದ್ರೆ ಕೂತು ಮಾತಾಡೋಣ.

ನಾನು ಮೆಕ್ಯಾನಿಕ್ ಅಲ್ಲ, ಬಿಕಾಂ ಎರಡನೇ ವರ್ಷ. ಮನೇಲಿ ಕೊಬ್ಬರಿ ಲೆಕ್ಕ ಬರೆಯೋನು ನಾನೇ ಆದ್ದರಿಂದ ಕಾರಿನ ಲೆಕ್ಕಾನೂ ಅದೇ ಪುಸ್ತಕದಲ್ಲಿದೆ. ಅದನ್ನ ನೋಡ್ಕೊಂಡೇ ಮಾತಾಡ್ತಿದೀನಿ, ರೀಲ್ಸ್ ನೋಡ್ಕೊಂಡಲ್ಲ.

(2/6)
ಮೊದಲು ಕಾರು ಯಾಕೆ ಬೇಕಾಯ್ತು ಅಂತ. ನಮ್ಮೂರು ತಿಪಟೂರು ಹತ್ರ. ಅಜ್ಜಿನ ತಿಂಗಳಿಗೆ ಎರಡು ಸಲ ತುಮಕೂರಿಗೆ ಡಾಕ್ಟರ್ ಹತ್ರ ಕರ್ಕೊಂಡು ಹೋಗ್ಬೇಕು. ಬಸ್ಸಲ್ಲಿ ಅವರಿಗೆ ಗುಬ್ಬಿ ಬರೋದ್ರೊಳಗೆ ವಾಂತಿ. ಬಾಡಿಗೆ ಕಾರಿಗೆ ಹೋಗಿ ಬರೋಕೆ 2,800.

ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಇಟ್ಟ ಕಾಯಿ ಇಳಿಸಿ, ಸುಲಿದು, ಕೊಬ್ಬರಿ ಮಾಡಿ ಮಾರಿದ ದುಡ್ಡು ಅದು. ಅಪ್ಪಂಗೆ ಹಳೇ ವ್ಯಾಗನ್ ಆರ್ ಸಾಕಿತ್ತು. "ಪೋಲೋನೇ ತಗೊಳ್ಳೋಣ ಅಪ್ಪ" ಅಂತ ಹಠ ಹಿಡಿದೋನು ನಾನು. ಕಾರಣ ಕೇಳಿದ್ರೆ ನಾಚಿಕೆ ಆಗುತ್ತೆ: ಡೋರ್ ಹಾಕಿದಾಗ ಬರೋ ಶಬ್ದ. ಥಪ್ ಅಂತ ಒಂದೇ ಸಲ ಕೂರುತ್ತಲ್ಲ, ಅದು. ಹದಿನೈದು ಸೆಕೆಂಡ್ ರೀಲ್ಸ್ ನೋಡಿ ನೋಡಿ ತಲೆ ಕೆಟ್ಟಿತ್ತು.

ನನ್ನ ಕಡೆ ಒಂದು ಒಳ್ಳೆ ವಾದಾನೂ ಇತ್ತು ಅನ್ನಿ. 2014ರಲ್ಲಿ ಗ್ಲೋಬಲ್ ಎನ್‌ಕ್ಯಾಪ್ ಇಲ್ಲಿಯ ಪೋಲೋನ ಗೋಡೆಗೆ ಗುದ್ದಿಸಿ ನೋಡ್ತು. ಏರ್‌ಬ್ಯಾಗ್ ಇಲ್ಲದ ಪೋಲೋಗೆ ಸೊನ್ನೆ ಸ್ಟಾರ್, ಎರಡು ಏರ್‌ಬ್ಯಾಗ್ ಇದ್ದ ಪೋಲೋಗೆ ನಾಲ್ಕು ಸ್ಟಾರ್. ಅದೇ ಬಾಡಿ, ಅದೇ ಉಕ್ಕು. ಆಮೇಲೆ ಕಂಪನಿ ಎಲ್ಲಾ ಪೋಲೋಗೂ ಎರಡು ಏರ್‌ಬ್ಯಾಗ್ ಕಡ್ಡಾಯ ಮಾಡ್ತು. ಹಾಗಾಗಿ "ಜರ್ಮನ್ ಬಿಲ್ಡ್ ಗುರು" ಅಂತ ಅದಕ್ಕಿಂತ ಹಳೇದು ತಗೊಳ್ಳೋರು ಮೊದಲು ಏರ್‌ಬ್ಯಾಗ್ ಇದೆಯಾ ಅಂತ ಖಾತ್ರಿ ಮಾಡ್ಕೊಳ್ಳಿ. ಇಲ್ಲ ಅಂದ್ರೆ ನೀವು ದುಡ್ಡು ಕೊಡ್ತಿರೋದು ಬರೀ ಡೋರ್ ಶಬ್ದಕ್ಕೆ. (ಅಂದಹಾಗೆ ಜರ್ಮನ್ ಅಂತೀವಿ, ಇವು ತಯಾರಾಗಿದ್ದು ಪುಣೆ ಹತ್ರ ಚಾಕನ್‌ನಲ್ಲಿ. 2010ರಿಂದ 2022ರವರೆಗೆ ಇಲ್ಲಿ ಮಾರಾಟ ಆದ್ವು.)

ನಮ್ಮದು ಹೈಲೈನ್, ಎರಡೂ ಏರ್‌ಬ್ಯಾಗ್ ಇತ್ತು. 2,35,000ಕ್ಕೆ ಮಾತಾಯ್ತು. ಅದೇ ವರ್ಷದ, ಹೆಚ್ಚುಕಮ್ಮಿ ಅಷ್ಟೇ ಓಡಿದ ಸ್ವಿಫ್ಟ್‌ಗೆ ನಾವು ಕೇಳಿದ ಕಡೆಯೆಲ್ಲ ಮೂರು ಲಕ್ಷಕ್ಕೆ ಕಮ್ಮಿ ಯಾರೂ ಹೇಳಲಿಲ್ಲ. "ನೋಡಪ್ಪ, 65 ಸಾವಿರ ಉಳೀತು" ಅಂದೆ.

ಇಡೀ ಕಥೇಲಿ ನಾನು ಮಾಡಿದ ದೊಡ್ಡ ತಪ್ಪು ಇದೇ ವಾಕ್ಯ.

(3/6)
ಆ 65 ಸಾವಿರ ಉಳಿತಾಯ ಅಲ್ಲ. ಹಳೇ ಪೋಲೋ ಯಾಕೆ ಅಗ್ಗ? ಅದಕ್ಕೆ ಮುಂದೆ ಖರ್ಚಿದೆ ಅಂತ ಮಾರ್ಕೆಟ್ಟಿಗೆ ಗೊತ್ತು, ಅದಕ್ಕೇ. ನಮಗಿಂತ ಮುಂಚೆ ಸುಟ್ಟುಕೊಂಡ ಸಾವಿರಾರು ಜನ ಸೇರಿ ಆ ಖರ್ಚನ್ನ ಬೆಲೆಯಲ್ಲಿ ಮುಂಚೆನೇ ಕಳೆದಿಟ್ಟಿದ್ದಾರೆ. ಆ ವ್ಯತ್ಯಾಸ ನಮ್ಮ ಜೇಬಿಗೆ ಬಂದ ಲಾಭ ಅಲ್ಲ, ಕಾರಿಗೆ ಅಂತ ತೆಗೆದಿಡಬೇಕಾದ ಮೀಸಲು.

ಬಿಕಾಂ ಮೊದಲ ವರ್ಷದಲ್ಲಿ ಬಂಡವಾಳ ವೆಚ್ಚ, ರಾಜಸ್ವ ವೆಚ್ಚ ಅಂತ ಒಂದು ಪಾಠ ಇರುತ್ತೆ. ಸೆಕೆಂಡ್ ಹ್ಯಾಂಡ್ ಮೆಷಿನ್ ತಂದು, ಓಡೋ ಸ್ಥಿತಿಗೆ ತರೋಕೆ ರಿಪೇರಿ ಮಾಡಿಸಿದ್ರೆ ಅದನ್ನ ರಿಪೇರಿ ಖಾತೆಗೆ ಬರೆಯಂಗಿಲ್ಲ, ಮೆಷಿನ್ ಬೆಲೆಗೇ ಸೇರಿಸಬೇಕು. ಎಕ್ಸಾಮಲ್ಲಿ ಎರಡು ಮಾರ್ಕ್ಸಿಗೆ ಬರೆದು ಬಂದಿದ್ದೆ. ಕಾರು ತಗೋವಾಗ ನೆನಪೇ ಆಗ್ಲಿಲ್ಲ.

ಇನ್ನೊಂದು ಲೆಕ್ಕ. ಇನ್‌ಕಮ್ ಟ್ಯಾಕ್ಸ್ ಪ್ರಕಾರ ಕಾರಿಗೆ ವರ್ಷಕ್ಕೆ 15% ಸವಕಳಿ. 7 ಲಕ್ಷದ ಕಾರು 12 ವರ್ಷಕ್ಕೆ ಪುಸ್ತಕದಲ್ಲಿ ಸುಮಾರು 1 ಲಕ್ಷಕ್ಕೆ ಬಂದು ನಿಲ್ಲುತ್ತೆ. ಆದ್ರೆ ಅದರೊಳಗಿನ ವಾಟರ್ ಪಂಪಿಗೆ ಸವಕಳಿ ಅನ್ನೋದಿಲ್ಲ. ಪಂಪ್ ಬೆಲೆ ಇವತ್ತಿನ ಬೆಲೆ. ನೀವು ಎರಡೂವರೆ ಲಕ್ಷದ ಕಾರಿಗೆ ಸಾಕ್ತಿರೋದು ಏಳೆಂಟು ಲಕ್ಷದ ಕಾರಿನ ಬಿಡಿಭಾಗಗಳನ್ನ.

(4/6)
ಈ ಫೋಟೋದಲ್ಲಿರೋ ಗುಲಾಬಿ ನೀರು ಕೂಲೆಂಟ್. ಇದರ ಬಗ್ಗೆ ಬರೆಯೋಕೆ ಮನಸ್ಸಿಲ್ಲ, ಆದ್ರೂ ಬರೀತೀನಿ.

ಕಾರು ಬಂದ ಮೊದಲ ವಾರ ನಾನೇನು ಮಾಡಿಸಿದೆ ಗೊತ್ತಾ? ಟಚ್ ಸ್ಕ್ರೀನ್ ಸ್ಟೀರಿಯೋ 9,500. ಸೀಟ್ ಕವರ್ 4,500. ಮೆಕ್ಯಾನಿಕ್ ಅಣ್ಣ ಬಾನೆಟ್ ತೆಗೆದು ನೋಡಿ, "ಥರ್ಮೋಸ್ಟಾಟ್ ಹೌಸಿಂಗ್ ಹತ್ರ ಒದ್ದೆ ಕಾಣ್ತಿದೆ, ಪ್ಲಾಸ್ಟಿಕ್ ಹಳೇದಾಗಿದೆ, ಕೂಲೆಂಟ್ ಸಮೇತ ಚೇಂಜ್ ಮಾಡಿಬಿಡೋಣ, ಏಳು ಸಾವಿರದೊಳಗೆ ಆಗುತ್ತೆ" ಅಂದಿದ್ರು. "ಮುಂದಿನ ಸರ್ವಿಸಿಗೆ ನೋಡೋಣ ಅಣ್ಣ" ಅಂದೆ.

ಮೂರು ತಿಂಗಳಲ್ಲಿ ಕೂಲೆಂಟ್ ಡಬ್ಬಿ ಎರಡು ಸಲ ಖಾಲಿ ಆಯ್ತು. ಎರಡು ಸಲಾನೂ ಬೋರ್‌ವೆಲ್ ನೀರು ಹಾಕಿದೆ. ನಮ್ಮ ಕಡೆ ಬೋರ್ ನೀರು ಹೆಂಗಿರುತ್ತೆ ಅಂತ ಒಲೆ ಮೇಲಿನ ಪಾತ್ರೆ ನೋಡಿದ್ರೆ ಸಾಕು, ಒಳಗೆಲ್ಲ ಬಿಳಿ ಪದರ. ಅದನ್ನೇ ಇಂಜಿನ್ ಒಳಗೆ ಹುಯ್ದೆ.

ಅವತ್ತು ಅಜ್ಜಿ ಹಿಂದೆ, ಅಪ್ಪ ಪಕ್ಕದಲ್ಲಿ. ನಿಟ್ಟೂರು ದಾಟಿದ ಮೇಲೆ ಬೀಪ್ ಅಂತ ಕೆಂಪು ದೀಪ ಬಂತು. ಅಪ್ಪ "ನಿಲ್ಸೋ" ಅಂದ್ರು. ನಾನು "ಸೆನ್ಸರ್ ಪ್ರಾಬ್ಲಮ್ ಅಪ್ಪ, ಜರ್ಮನ್ ಕಾರಲ್ಲಿ ಇದೆಲ್ಲ ಕಾಮನ್" ಅಂದೆ. ನಿಜ ಹೇಳ್ಬೇಕಂದ್ರೆ ಆ ಮಾತನ್ನೂ ಯಾವುದೋ ಕಮೆಂಟಲ್ಲಿ ಓದಿದ್ದು. ಇನ್ನೆರಡು ಕಿಲೋಮೀಟರ್ ಓಡಿಸಿದೆ. ಆಮೇಲೆ ಬಾನೆಟ್ ಸಂದಿಯಿಂದ ಹೊಗೆ.

ಹೆಡ್ ಗ್ಯಾಸ್ಕೆಟ್ ಹೋಗಿತ್ತು. ಹೆಡ್ ಬಿಚ್ಚಿ, ಲೇತ್‌ಗೆ ಕಳ್ಸಿ, ವಾಟರ್ ಪಂಪ್, ಹೌಸಿಂಗ್, ಹೋಸ್, ಕೂಲೆಂಟ್ ಎಲ್ಲಾ ಸೇರಿ 43,000. ಹನ್ನೊಂದು ದಿನ ಶೆಡ್ಡಲ್ಲಿ. ಅಜ್ಜಿನ ಅವತ್ತು ಅರ್ಧ ಗಂಟೆ ಬಿಸಿಲಲ್ಲಿ ಕೂರಿಸಿ, ಕೊನೆಗೆ ಪರಿಚಯದವರೊಬ್ಬರ ಗೂಡ್ಸ್ ಆಟೋ ಮುಂದಿನ ಸೀಟಲ್ಲಿ ಕರ್ಕೊಂಡು ಹೋದ್ವಿ. ಡಾಕ್ಟರ್ ಟೈಮ್ ಮುಗಿದಿತ್ತು.

ತಪ್ಪು ಕಾರಿಂದಲ್ಲ. ಹನ್ನೆರಡು ವರ್ಷದ ಪ್ಲಾಸ್ಟಿಕ್ ಸೋರೋದು ಸಹಜ. ದೀಪ ಬಂತು, ಶಬ್ದಾನೂ ಬಂತು, ಕಾರು ತನ್ನ ಕೆಲಸ ಮಾಡ್ತು. ರಾತ್ರಿ ಲೆಕ್ಕ ಬರೆಯೋಕೆ ಕೂತಾಗ ಅಪ್ಪ ಕೇಳಿದ್ರು, "ಇದನ್ನ ಯಾವ ಖಾತೆಗೆ ಬರೀತೀಯ?" ಕಾರಿನ ಬೆಲೆಗೆ ಸೇರಿಸೋಕೆ ಆಗಲ್ಲ, ಮಾಮೂಲಿ ರಿಪೇರಿನೂ ಅಲ್ಲ. ನಷ್ಟ ಅಂತ ಬರೆದು, ಮುಂದೆ ನನ್ನ ಹೆಸರು ಬರೆದೆ. ಅಪ್ಪ ಓದಿ ಪುಸ್ತಕ ಮುಚ್ಚಿದ್ರು. ಅದಾದ ಮೇಲೆ ಎರಡು ತಿಂಗಳು ಅವರು ನನ್ನ ಪಕ್ಕ ಕೂರಲಿಲ್ಲ, ಹಿಂದೆ ಅಜ್ಜಿ ಜೊತೆನೇ ಕೂರ್ತಿದ್ರು.

(5/6)
ಈಗ ನೀವು ನೋಡೋಕೆ ಹೋದ್ರೆ ಅಂತ. ಯೂಟ್ಯೂಬಲ್ಲಿ ಸಿಗೋದನ್ನ ಬಿಟ್ಟು, ನನಗೆ ಉಪಯೋಗ ಆಗಿದ್ದು ಮತ್ತು ಆಗ್ಬಹುದಾಗಿದ್ದು ಮಾತ್ರ ಹೇಳ್ತೀನಿ.

ಬೆಳಗ್ಗೆನೇ ಹೋಗಿ, ಮುಂಚೆನೇ ಸ್ಟಾರ್ಟ್ ಮಾಡಿ ಇಡ್ಬೇಡಿ ಅಂತ ಹೇಳಿ. ಬಾನೆಟ್ ಮುಟ್ಟಿ ನೋಡಿ, ಬಿಸಿ ಇದ್ರೆ ಏನೋ ಮುಚ್ಚಿಡ್ತಿದ್ದಾರೆ ಅಂತ ಅನುಮಾನ ಪಡಿ. 1.2 ಪೆಟ್ರೋಲಲ್ಲಿ ಟೈಮಿಂಗ್ ಚೈನ್ ಇರುತ್ತೆ. ತಣ್ಣಗಿದ್ದಾಗ ಸ್ಟಾರ್ಟ್ ಮಾಡಿದ ಮೊದಲ ಕೆಲವು ಸೆಕೆಂಡ್ ಗಲಗಲ ಅಂದ್ರೆ ಚೈನ್ ಸವೆದಿರಬಹುದು. ಮೂರು ಸಿಲಿಂಡರ್ ಇಂಜಿನ್ ಆದ್ದರಿಂದ ಸ್ವಲ್ಪ ನಡುಕ ಇದ್ದೇ ಇರುತ್ತೆ, ಅದಕ್ಕೆ ಹೆದರಬೇಡಿ. ಕೂಲೆಂಟ್ ಬಣ್ಣ ನೋಡಿ. ಗುಲಾಬಿ ಬದಲು ತುಕ್ಕು ಬಣ್ಣದ ನೀರಿದ್ರೆ, ಆ ಕಾರಲ್ಲಿ ನನ್ನಂಥೋನು ಒಬ್ಬ ಕೂತಿದ್ದ ಅಂತ ಅರ್ಥ. (ಬಿಸಿ ಇರೋವಾಗ ಮುಚ್ಚಳ ಬಿಚ್ಚಬೇಡಿ, ಒಳಗೆ ಪ್ರೆಷರ್ ಇರುತ್ತೆ.) ನಾಲ್ಕೂ ಪವರ್ ವಿಂಡೋ ಇಳಿಸಿ ಏರಿಸಿ. ಎಸಿ ಹಾಕ್ಕೊಂಡು ಇಪ್ಪತ್ತು ನಿಮಿಷ ಓಡಿಸಿ. ಹಂಪ್ ಮೇಲೆ ಹತ್ತಿಸಿದಾಗ ಮುಂದಿನ ಚಕ್ರದ ಹತ್ರ ಕಟಕಟ ಅಂದ್ರೆ ಬುಷ್ ಅಥವಾ ಸ್ಟ್ರಟ್ ಮೌಂಟ್ ಖರ್ಚು ಅಂತ ಬರ್ಕೊಳ್ಳಿ. ಕೊನೆಗೆ ಸ್ಕ್ಯಾನರ್ ಹಾಕಿಸಿ. ಅದಕ್ಕೆ ಕೊಡೋ ದುಡ್ಡಿಗೆ ಜಿಪುಣತನ ಬೇಡ.

ಜಿಟಿ ಟಿಎಸ್‌ಐ ಡಿಎಸ್‌ಜಿ ಕೇಳೋರೇ ಜಾಸ್ತಿ. ಓಡಿಸೋಕೆ ಮಜಾ, ಒಪ್ತೀನಿ. 105 ಪಿಎಸ್, ಏಳು ಗೇರ್, ಆಟೋಮ್ಯಾಟಿಕ್. ಆದ್ರೆ ಆ ಡ್ರೈ ಕ್ಲಚ್ ಗೇರ್‌ಬಾಕ್ಸಿನ ಮೆಕಾಟ್ರಾನಿಕ್ ಹೋದ್ರೆ ಬಿಲ್ ಲಕ್ಷ ದಾಟುತ್ತೆ. ಪೂರ್ತಿ ಸರ್ವಿಸ್ ದಾಖಲೆ ಇಲ್ಲದ ಡಿಎಸ್‌ಜಿನ ಸ್ಟೂಡೆಂಟ್ ಯಾರೂ ಮುಟ್ಟಬಾರದು ಅನ್ನೋದು ನನ್ನ ಅಭಿಪ್ರಾಯ. ರೀಮ್ಯಾಪ್ ಮಾಡಿಸಿ, ಸ್ಪ್ರಿಂಗ್ ಕತ್ತರಿಸಿ ಇಳಿಸಿದ ಕಾರುಗಳೂ ಅಷ್ಟೇ. ಹಳೇ ಡೀಸೆಲ್ ಆದ್ರೆ, 2015ರ ಎಮಿಷನ್ ಹಗರಣದ ನಂತರ ಇಲ್ಲೂ ಮೂರು ಲಕ್ಷಕ್ಕೂ ಜಾಸ್ತಿ ಗಾಡಿಗಳನ್ನ ಕಂಪನಿ ವಾಪಸ್ ಕರೆದಿತ್ತು. ನೀವು ನೋಡ್ತಿರೋ ಗಾಡಿಗೆ ಆ ಕೆಲಸ ಆಗಿದೆಯಾ ಕೇಳಿ.

ಪೇಪರ್ ವಿಷಯ ಬೇಗ ಮುಗಿಸ್ತೀನಿ. ಫಾರ್ಮ್ 29, 30ಕ್ಕೆ ಮಾರೋರ ಸಹಿ. ಲೋನ್ ಇದ್ದಿದ್ರೆ ಫಾರ್ಮ್ 35 ಮತ್ತು ಬ್ಯಾಂಕಿನ ಎನ್‌ಒಸಿ. ಇನ್ಶೂರೆನ್ಸ್ ಹೆಸರು ಬದಲಾವಣೆಗೆ 14 ದಿನದೊಳಗೆ ಅರ್ಜಿ ಕೊಡಿ. ಮಾರಿದವರ ನೋ ಕ್ಲೇಮ್ ಬೋನಸ್ ನಿಮಗೆ ಬರಲ್ಲ, ಹಾಗಾಗಿ ಪ್ರೀಮಿಯಂ ಅವರು ಕಟ್ತಿದ್ದಕ್ಕಿಂತ ಜಾಸ್ತಿನೇ. ಆರ್‌ಸಿ 15 ವರ್ಷಕ್ಕೆ ಮುಗಿಯುತ್ತೆ. ನಮ್ಮದು 2028ಕ್ಕೆ ರಿನ್ಯೂ ಮಾಡಿಸ್ಬೇಕು: ಎಫ್‌ಸಿ, 5,000 ಫೀಸು, ಜೊತೆಗೆ ಹಸಿರು ತೆರಿಗೆ. ಇದನ್ನ ಚೌಕಾಸಿ ಮಾಡೋವಾಗ ಹೇಳಿ, ಕೆಲಸ ಮಾಡುತ್ತೆ.

"ಪೋಲೋ ನಿಂತೋಯ್ತಲ್ಲ, ಸ್ಪೇರ್ ಸಿಗುತ್ತಾ?" ಸಿಗುತ್ತೆ. ವೆಂಟೋ, ಸ್ಕೋಡಾ ರ‍್ಯಾಪಿಡ್ ಎಲ್ಲಾ ಇದರ ಅಣ್ಣ ತಮ್ಮಂದಿರೇ, ಎಷ್ಟೋ ಪಾರ್ಟ್ ಒಂದೇ. ಪಾರ್ಟ್ ನಂಬರ್ ಬರ್ಕೊಂಡು ಬೆಂಗಳೂರಿನ ಜೆ.ಸಿ. ರೋಡಲ್ಲಿ ನಾಲ್ಕು ಅಂಗಡಿ ಕೇಳಿ. ಆದ್ರೆ "ತಿಪಟೂರಲ್ಲೇ ಇವತ್ತೇ ಬೇಕು" ಅಂದ್ರೆ ಸಿಗಲ್ಲ, ಎರಡು ಮೂರು ದಿನ ಕಾಯ್ಬೇಕು. ನಮ್ಮ ಮಾವ ಮಾರುತಿನೇ ವಾಸಿ ಅಂತ ಇವತ್ತಿಗೂ ಹೇಳೋದು ಇದಕ್ಕೇ, ಈ ವಿಷಯದಲ್ಲಿ ಅವರು ಸರಿ. ದಿನಾ ಕಾರು ಇಲ್ದೆ ಕೆಲಸ ನಡೆಯಲ್ಲ, ಮನೇಲಿ ಬೇರೆ ಗಾಡಿ ಇಲ್ಲ ಅನ್ನೋರಿಗೆ ನಾನೂ ಮಾರುತಿ ಅಂತಾನೇ ಹೇಳೋದು.

(6/6)
ಕೊನೇ ಫೋಟೋ ಪುಸ್ತಕದ ಪುಟ. ಅಕ್ಷರ ಕೆಟ್ಟದಾಗಿದೆ, ಕ್ಷಮಿಸಿ.

ಕಾರು 2,35,000. ಟ್ರಾನ್ಸ್‌ಫರ್, ಇನ್ಶೂರೆನ್ಸ್ 16,500. ಶೋಕಿ (ಸ್ಟೀರಿಯೋ, ಸೀಟ್ ಕವರ್) 14,000. ನಾಲ್ಕು ಟೈರ್, ಬುಷ್, ಬ್ಯಾಟರಿ, ಎರಡು ಸರ್ವಿಸ್ 36,000. ನನ್ನ ಹೆಸರಲ್ಲಿರೋ ನಷ್ಟ 43,000. ಹದಿನಾಲ್ಕು ತಿಂಗಳಿಗೆ ಒಟ್ಟು 3,44,500. 11,200 ಕಿಲೋಮೀಟರ್ ಓಡಿದೆ, ಲೀಟರಿಗೆ 14 ಕೊಟ್ಟಿದೆ, ಪೆಟ್ರೋಲ್ ದುಡ್ಡು ಬೇರೆ.

ಇಷ್ಟು ದಿನ ಅಜ್ಜಿನ ಬಾಡಿಗೆ ಕಾರಲ್ಲೇ ಕರ್ಕೊಂಡು ಹೋಗಿದ್ರೆ? 28 ಸಲಕ್ಕೆ 78,400. ಅಷ್ಟೇ. ಕಾರು ಇವತ್ತು ಮಾರಿದ್ರೂ ಲೆಕ್ಕ ನಮ್ಮ ಪರ ಬರಲ್ಲ. "ಕಾರು ತಗೊಂಡ್ರೆ ದುಡ್ಡು ಉಳಿಯುತ್ತೆ" ಅಂತ ಅಪ್ಪಂಗೆ ಹೇಳಿದ್ದು ಸುಳ್ಳಾಯ್ತು, ಅದನ್ನ ಅವರ ಮುಂದೆ ಒಪ್ಕೊಂಡಿದೀನಿ.

ಆದ್ರೂ ಮಾರಲ್ಲ. ಹೋದ ತಿಂಗಳು ರಾತ್ರಿ ಒಂದೂವರೆಗೆ ಅಜ್ಜಿಗೆ ಉಸಿರು ಕಟ್ಟಿದಾಗ ಯಾರಿಗೂ ಫೋನ್ ಮಾಡಿ ಕಾಯಲಿಲ್ಲ. ಮಳೇಲಿ ಆ ಕಾರು ರಸ್ತೆ ಹಿಡಿದು ಹೋದ ರೀತಿ ಇದೆಯಲ್ಲ, ಅದಕ್ಕೆ ಪುಸ್ತಕದಲ್ಲಿ ಕಾಲಮ್ ಇಲ್ಲ. ಅವತ್ತು ಅಪ್ಪ ಮುಂದೆ ಕೂತಿದ್ರು. ಗುಬ್ಬಿ ದಾಟೋವರೆಗೂ ಮೀಟರ್ ಮೇಲಿನ ದೀಪಗಳನ್ನೇ ನೋಡ್ತಿದ್ರು, ಆಮೇಲೆ ರಸ್ತೆ ನೋಡೋಕೆ ಶುರು ಮಾಡಿದ್ರು.

ಈಗ ತಿಂಗಳಿಗೆ 2,000 ಕಾರಿಗೆ ಅಂತಾನೇ ತೆಗೆದಿಡ್ತೀವಿ. ಅದರಲ್ಲಿ 500 ನನ್ನ ಟ್ಯೂಷನ್ ದುಡ್ಡು, ನಷ್ಟದ ಖಾತೆ ತೀರಿಸೋಕೆ. 500ರ ಲೆಕ್ಕದಲ್ಲಿ 43,000 ತೀರೋಕೆ ಎಷ್ಟು ತಿಂಗಳು ಅಂತ ಕಮೆಂಟಲ್ಲಿ ಹಾಕೋ ಕಷ್ಟ ತಗೋಬೇಡಿ, ಗೊತ್ತು, 86.

ನಿಮ್ಮನೇಲೂ ಹಳೇ ಪೋಲೋ, ವೆಂಟೋ, ಫಾಬಿಯಾ ಏನಾದ್ರೂ ಇದ್ರೆ ವರ್ಷಕ್ಕೆ ನಿಜವಾಗ್ಲೂ ಎಷ್ಟು ಖರ್ಚಾಯ್ತು ಅಂತ ಬರೀರಿ. ಡೋರ್ ಶಬ್ದದ ರೀಲ್ ಕಳಿಸಬೇಡಿ. ನಾಳೆ ಬೆಳಗ್ಗೆ ಆರಕ್ಕೆ ತುಮಕೂರು ಟ್ರಿಪ್ ಇದೆ, ಕೂಲೆಂಟ್ ನೋಡಿ ಬಂದು ಮಲಗ್ತೀನಿ.

#ಹಳೇಪೋಲೋ #ಲೆಕ್ಕದಪುಸ್ತಕ #ತಿಪಟೂರು