ಪಟ್ಟಕ್ಕೆ ಮುನ್ನ ಬೇಕಾದ ಬಂಡವಾಳ

2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಚೀನಾದ ಡಿಂಗ್ ಲಿರೆನ್ ಅವರನ್ನು 7.5–6.5 ಅಂಕಗಳಿಂದ ಮಣಿಸಿ ಚೆನ್ನೈನ ಡಿ. ಗುಕೇಶ್ ತಮ್ಮ 18ನೆಯ ವಯಸ್ಸಿನಲ್ಲಿ ವಿಶ್ವ ಚದುರಂಗ ಚಾಂಪಿಯನ್ ಆದರು. ತಮಿಳುನಾಡು ಸರ್ಕಾರ 5 ಕೋಟಿ ರೂಪಾಯಿಗಳ ಬಹುಮಾನ ಘೋಷಿಸಿತು. ಸನ್ಮಾನಗಳಿಗೂ ಕೊರತೆಯಾಗಲಿಲ್ಲ. ಆದರೆ 2017–18ರ ಸುಮಾರಿಗೆ ಇದೇ ಬಾಲಕನೊಂದಿಗೆ ದೇಶ ವಿದೇಶ ಸುತ್ತಲು ತಂದೆ ತಮ್ಮ ವೈದ್ಯವೃತ್ತಿಯನ್ನೇ ಬದಿಗಿರಿಸಿದ್ದರು. ಪ್ರಾಯೋಜಕರಿಲ್ಲದ ಆ ದಿನಗಳಲ್ಲಿ ಖರ್ಚಿಗೆ ಹೆಗಲು ಕೊಟ್ಟವರು ಕುಟುಂಬದ ಸ್ನೇಹಿತರು. ಗೆದ್ದ ಮೇಲೆ ಹರಿದುಬರುವ ಹಣಕ್ಕೂ ಗೆಲ್ಲುವುದಕ್ಕೆ ಮುನ್ನ ಬೇಕಾಗುವ ಹಣಕ್ಕೂ ನಡುವೆ ಇರುವ ಈ ಅಂತರವೇ ಭಾರತೀಯ ಚದುರಂಗದ ಮುಖ್ಯ ಕೊರತೆ. ಅದನ್ನು ತುಂಬುವ ಶಕ್ತಿ ವಾಣಿಜ್ಯ ಸಮುದಾಯಕ್ಕಿದೆ.

ಸಮಸ್ಯೆಯ ಸ್ವರೂಪ ವ್ಯಾಪಾರಸ್ಥರಿಗೆ ಹೊಸದೇನಲ್ಲ. ವಿಶ್ವ ಚದುರಂಗ ಸಂಸ್ಥೆಯಾದ ಫಿಡೆ 1950ರಿಂದ ಅಂತರರಾಷ್ಟ್ರೀಯ ಮಾಸ್ಟರ್ ಮತ್ತು ಗ್ರ್ಯಾಂಡ್‌ಮಾಸ್ಟರ್ ಪಟ್ಟಗಳನ್ನು ನೀಡುತ್ತ ಬಂದಿದೆ. ಇಂದಿನ ನಿಯಮದಂತೆ ಮೊದಲನೆಯದಕ್ಕೆ 2400, ಎರಡನೆಯದಕ್ಕೆ 2500 ರೇಟಿಂಗ್ ಬೇಕು. ಜೊತೆಗೆ ಸಾಮಾನ್ಯವಾಗಿ ಮೂರು ‘ನಾರ್ಮ್’ಗಳನ್ನು ಗಳಿಸಬೇಕು. ನಾರ್ಮ್ ಎಂದರೆ, ಪಟ್ಟ ಪಡೆದ ಎದುರಾಳಿಗಳೂ ಬೇರೆ ದೇಶಗಳ ಆಟಗಾರರೂ ಇರುವ ಪಂದ್ಯಾವಳಿಯಲ್ಲಿ ನಿಗದಿತ ಮಟ್ಟದ ಸಾಧನೆ ತೋರುವುದು. ಅಂಥ ಎದುರಾಳಿಗಳು ಸ್ವದೇಶದಲ್ಲಿ ಸಿಗದಿದ್ದರೆ ಯುರೋಪಿಗೆ ಹೋಗಲೇಬೇಕು. ವಿಮಾನದ ದರ, ವಸತಿ, ಊಟ, ತರಬೇತುದಾರರ ಶುಲ್ಕ ಎಲ್ಲವೂ ಮುಂಗಡ ವೆಚ್ಚ, ಆದಾಯವಾದರೋ ಅನಿಶ್ಚಿತ. ಕೊನೆಯ ಸುತ್ತಿನ ಒಂದು ತಪ್ಪು ನಡೆಯಿಂದ ನಾರ್ಮ್ ಕೈತಪ್ಪಿದರೆ ಇಡೀ ಪ್ರವಾಸದ ವೆಚ್ಚ ನಷ್ಟದ ಖಾತೆಗೆ ಸೇರುತ್ತದೆ. ದುಡಿಯುವ ಬಂಡವಾಳವಿಲ್ಲದೆ ಸೊರಗುವ ಸಣ್ಣ ಕೈಗಾರಿಕೆಗೂ ಅಂತರರಾಷ್ಟ್ರೀಯ ಮಾಸ್ಟರ್ ಪಟ್ಟದಲ್ಲೇ ನಿಂತುಬಿಡುವ ಆಟಗಾರನಿಗೂ ಹೆಚ್ಚಿನ ವ್ಯತ್ಯಾಸವಿಲ್ಲ.

ಪೋಷಣೆ ಒಬ್ಬ ವ್ಯಕ್ತಿಯನ್ನಷ್ಟೇ ಅವಲಂಬಿಸಿದರೆ ಏನಾಗುತ್ತದೆ ಎಂಬುದಕ್ಕೆ ಪಂಜಾಬಿನ ಮೀರ್ ಸುಲ್ತಾನ್ ಖಾನ್ ನಿದರ್ಶನ. ಸರ್ ಉಮರ್ ಹಯಾತ್ ಖಾನ್ ಅವರ ಆಶ್ರಯದಲ್ಲಿದ್ದ ಅವರು 1929ರಲ್ಲಿ ಒಡೆಯರೊಡನೆ ಇಂಗ್ಲೆಂಡಿಗೆ ತೆರಳಿ, ಅದೇ ವರ್ಷ ಬ್ರಿಟಿಷ್ ಚಾಂಪಿಯನ್ ಆದರು; 1932 ಮತ್ತು 1933ರಲ್ಲಿ ಆ ಪಟ್ಟವನ್ನು ಮತ್ತೆ ಗೆದ್ದರು. 1930–31ರ ಹೇಸ್ಟಿಂಗ್ಸ್ ಪಂದ್ಯಾವಳಿಯಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಪಾಬ್ಲಾಂಕಾ ಅವರನ್ನೇ ಸೋಲಿಸಿದರು. 1933ರ ಕೊನೆಯಲ್ಲಿ ಒಡೆಯರು ಸ್ವದೇಶಕ್ಕೆ ಮರಳಿದಾಗ ಸುಲ್ತಾನ್ ಖಾನ್ ಅವರೂ ಮರಳಿದರು. ಅಲ್ಲಿಗೆ ಅವರ ಅಂತರರಾಷ್ಟ್ರೀಯ ಆಟ ಮುಗಿಯಿತು. ಫಿಡೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ನೀಡಿದ್ದು 2024ರಲ್ಲಿ, ಅವರು ತೀರಿಕೊಂಡು ಸುಮಾರು 58 ವರ್ಷಗಳಾದ ಬಳಿಕ.

ಸ್ವತಂತ್ರ ಭಾರತದಲ್ಲೂ ಆರಂಭ ನಿಧಾನವಾಗಿಯೇ ಇತ್ತು. 1961ರಲ್ಲಿ ಮ್ಯಾನುಯೆಲ್ ಆರನ್ ದೇಶದ ಮೊದಲ ಅಂತರರಾಷ್ಟ್ರೀಯ ಮಾಸ್ಟರ್ ಆದರು. ಮರುವರ್ಷ ಸ್ಟಾಕ್‌ಹೋಮಿನಲ್ಲಿ ಪೋರ್ಟಿಶ್ ಮತ್ತು ಉಲ್ಮನ್‌ರಂಥ ಘಟಾನುಘಟಿಗಳನ್ನು ಸೋಲಿಸಿದರು. ಆದರೂ ದೇಶಕ್ಕೆ ಎರಡನೆಯ ಅಂತರರಾಷ್ಟ್ರೀಯ ಮಾಸ್ಟರ್ ದೊರೆತದ್ದು 1978ರಲ್ಲಿ, ವಿ. ರವಿಕುಮಾರ್ ಅವರ ಮೂಲಕ. 1988ರಲ್ಲಿ ವಿಶ್ವನಾಥನ್ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಆ ಪಟ್ಟವನ್ನು ಅವರಿಗೆ ದೊರಕಿಸಿಕೊಟ್ಟದ್ದು ಯುರೋಪಿನ ಪಂದ್ಯಾವಳಿಯಲ್ಲ, ಕೊಯಮತ್ತೂರಿನಲ್ಲಿ ಶಕ್ತಿ ಫೈನಾನ್ಸ್ ಹೆಸರಿನಲ್ಲಿ ನಡೆದ ಅಂತರರಾಷ್ಟ್ರೀಯ ಪಂದ್ಯಾವಳಿ ಎಂಬುದನ್ನು ಉದ್ಯಮಿಗಳು ವಿಶೇಷವಾಗಿ ಗಮನಿಸಬೇಕು. ಒಂದು ಹಣಕಾಸು ಸಂಸ್ಥೆಯ ಪ್ರಾಯೋಜಕತ್ವ ದೇಶದ ಕ್ರೀಡಾ ಇತಿಹಾಸದಲ್ಲಿ ಹೀಗೆ ಸ್ಥಾನ ಪಡೆಯಿತು. ಮುಂದೆ 1991ರಲ್ಲಿ ದಿಬ್ಯೇಂದು ಬರುವಾ, 1997ರಲ್ಲಿ ಪ್ರವೀಣ್ ಠಿಪ್ಸೆ ಗ್ರ್ಯಾಂಡ್‌ಮಾಸ್ಟರ್ ಆದರು. 2025ರ ಜುಲೈನಲ್ಲಿ ಮಹಿಳಾ ವಿಶ್ವಕಪ್ ಗೆದ್ದ ದಿವ್ಯಾ ದೇಶಮುಖ್ 88ನೆಯವರಾದರು.

ಈ ಬೆಳವಣಿಗೆಗೆ ಪ್ರತಿಭೆ, ಗಣಕಯಂತ್ರ ಮತ್ತು ಹೆತ್ತವರ ತ್ಯಾಗಗಳಷ್ಟೇ ಮುಖ್ಯವಾದ ಇನ್ನೊಂದು ಕಾರಣವೆಂದರೆ ಉದ್ಯೋಗ ಭದ್ರತೆ. ಸಾರ್ವಜನಿಕ ವಲಯದ ತೈಲ ಕಂಪನಿಗಳು, ಏರ್ ಇಂಡಿಯಾ, ರೈಲ್ವೆ ಮೊದಲಾದ ಸಂಸ್ಥೆಗಳು ಆಟಗಾರರನ್ನು ಸಂಬಳದ ಮೇಲೆ ನೇಮಿಸಿಕೊಂಡವು. ಒಎನ್‌ಜಿಸಿಯ ಉದ್ಯೋಗಿ ಕೊನೇರು ಹಂಪಿ 2002ರಲ್ಲಿ ಗ್ರ್ಯಾಂಡ್‌ಮಾಸ್ಟರ್ ಆಗಿ, ತಾಯಿಯಾದ ಬಳಿಕ ಮತ್ತೆ ಕಣಕ್ಕಿಳಿದು 2019 ಮತ್ತು 2024ರಲ್ಲಿ ವಿಶ್ವ ರ‍್ಯಾಪಿಡ್ ಚಾಂಪಿಯನ್ ಆದರು. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಕೂಡ ರೈಲ್ವೆ ಉದ್ಯೋಗಿ. ಅವರು ಮೂವತ್ತು ದಾಟಿದ ವಯಸ್ಸಿನಲ್ಲಿ, 2017ರಲ್ಲಿ, ದೇಶದ 50ನೆಯ ಗ್ರ್ಯಾಂಡ್‌ಮಾಸ್ಟರ್ ಆದರು. ಮಾಸಿಕ ಸಂಬಳದ ಆಸರೆಯಿಲ್ಲದಿದ್ದರೆ ಅಷ್ಟು ದೀರ್ಘ ಪ್ರಯತ್ನ ಬಹಳ ಮಂದಿಗೆ ಅಸಾಧ್ಯ. ಅನಂತರ ಜಿ.ಎ. ಸ್ಟ್ಯಾನಿ, ಗಿರೀಶ್ ಕೌಶಿಕ್, 2022ರಲ್ಲಿ ಪ್ರಣವ್ ಆನಂದ್ ರಾಜ್ಯದ ಕೀರ್ತಿಯನ್ನು ಹೆಚ್ಚಿಸಿದ್ದಾರೆ.

ಖಾಸಗಿ ವಲಯವೂ ಸುಮ್ಮನೆ ಕುಳಿತಿಲ್ಲ. 2020ರಲ್ಲಿ ವೆಸ್ಟ್‌ಬ್ರಿಡ್ಜ್ ಕ್ಯಾಪಿಟಲ್ ಮತ್ತು ಆನಂದ್ ಜೊತೆಗೂಡಿ ಅಕಾಡೆಮಿ ಆರಂಭಿಸಿದರು. 2024ರಲ್ಲಿ ಕ್ವಾಂಟ್‌ಬಾಕ್ಸ್ ಸಂಸ್ಥೆ ಅರ್ಜುನ್ ಎರಿಗೈಸಿ ಅವರೊಡನೆ ಐದು ವರ್ಷಗಳಿಗೆ ಸುಮಾರು 15 ಲಕ್ಷ ಡಾಲರ್‌ಗಳ ಒಪ್ಪಂದ ಮಾಡಿಕೊಂಡಿತು. ಇವು ಸ್ವಾಗತಾರ್ಹ. ಆದರೆ ಇಂಥ ನೆರವು ಬಹುಮಟ್ಟಿಗೆ ಶಿಖರದ ಸಮೀಪಕ್ಕೆ ಬಂದವರಿಗೆ ಸಲ್ಲುತ್ತದೆ. ಜಿಲ್ಲಾ ಕೇಂದ್ರದಲ್ಲಿ ಕುಳಿತು 2400ರ ಗಡಿಯಲ್ಲಿ ಹೆಣಗುತ್ತಿರುವ ಆಟಗಾರ ಯಾರ ಕಣ್ಣಿಗೂ ಬೀಳುವುದಿಲ್ಲ. ಅವನ ಮೇಲೆ ಹಾಕಿದ ಹಣಕ್ಕೆ ಪ್ರಚಾರದ ಲಾಭವಿಲ್ಲ ಎಂಬ ಉದ್ಯಮಿಗಳ ಆಕ್ಷೇಪವೂ ಸುಳ್ಳಲ್ಲ. ಆದ್ದರಿಂದಲೇ ಈ ಹೊಣೆಯನ್ನು ಒಂಟಿ ಕಂಪನಿಗಿಂತ ವಾಣಿಜ್ಯ ಸಂಸ್ಥೆಗಳು ಸಾಮೂಹಿಕವಾಗಿ ಹೊರುವುದು ಲೇಸು.

ಮೂರು ಕಾರ್ಯಗಳು ಕೈಗೆಟುಕುವಂಥವು. ಮೊದಲನೆಯದು, ಹತ್ತು ಆಟಗಾರರ, ಒಂಬತ್ತು ಸುತ್ತುಗಳ ನಾರ್ಮ್ ಪಂದ್ಯಾವಳಿ. ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳನ್ನೂ ನಿಯಮಕ್ಕೆ ತಕ್ಕಷ್ಟು ವಿದೇಶಿ ಆಟಗಾರರನ್ನೂ ಇಲ್ಲಿಗೇ ಕರೆಸಿದರೆ, ಸ್ಥಳೀಯರು ವಿದೇಶಕ್ಕೆ ಹೋಗುವ ಖರ್ಚು ಉಳಿಯುತ್ತದೆ. ಒಂದು ಸಭಾಂಗಣ, ವಸತಿ, ಆಹ್ವಾನಿತರ ಗೌರವಧನ — ಇಷ್ಟನ್ನು ಸದಸ್ಯರು ಹಂಚಿಕೊಂಡು ಭರಿಸಬಹುದು. ಎರಡನೆಯದು, ಪಂದ್ಯಾವಳಿಗಳಿಗೆ ಸಂಬಳ ಸಹಿತ ರಜೆ ನೀಡುವ ಉದ್ಯೋಗ. ಮೂರನೆಯದು, ಸಾಮಾಜಿಕ ಹೊಣೆಗಾರಿಕೆ ನಿಧಿ. 2013ರ ಕಂಪನಿ ಕಾಯ್ದೆಯ ಏಳನೆಯ ಅನುಸೂಚಿ ರಾಷ್ಟ್ರೀಯ ಮಾನ್ಯತೆ ಪಡೆದ ಕ್ರೀಡೆಗಳ ತರಬೇತಿಗೆ ಈ ನಿಧಿಯ ಬಳಕೆಯನ್ನು ಒಪ್ಪುತ್ತದೆ. ಸರಕಿನ ಪ್ರಚಾರಕ್ಕಾಗಿ ನೀಡುವ ಪ್ರಾಯೋಜಕತ್ವ ಇದರಡಿ ಬರುವುದಿಲ್ಲವೆಂಬ ಎಚ್ಚರ ಮಾತ್ರ ಅಗತ್ಯ.

ಗೆದ್ದು ಬಂದವರಿಗೆ ಶಾಲು ಹೊದಿಸುವ ಸಂಪ್ರದಾಯ ಒಳ್ಳೆಯದೇ, ಅದು ಮುಂದುವರಿಯಲಿ. ಆದರೆ ಬರುವ ವರ್ಷದ ಆಯವ್ಯಯ ಸಿದ್ಧಪಡಿಸುವಾಗ ಪ್ರತಿಯೊಂದು ಜಿಲ್ಲಾ ವಾಣಿಜ್ಯ ಸಂಸ್ಥೆಯೂ ಸನ್ಮಾನದ ಬಾಬ್ತಿನೊಂದಿಗೆ ಒಂದು ನಾರ್ಮ್ ಪಂದ್ಯಾವಳಿಯ ಬಾಬ್ತನ್ನೂ ಸೇರಿಸುವುದು ಉಚಿತ. ಕೊಯಮತ್ತೂರಿನಲ್ಲಿ 1988ರಲ್ಲಿ ಆದದ್ದು ಹುಬ್ಬಳ್ಳಿ, ಮಂಗಳೂರು, ದಾವಣಗೆರೆಗಳಲ್ಲಿ ಆಗಬಾರದೆಂಬ ನಿಯಮವೇನೂ ಇಲ್ಲ.